ಸರಪಳಿ ಪಾಠ ನಿಲ್ಲಿಸಿದ ವರ್ಷ

ಖಾನಾಪುರದ ಒಂದು ಹೈಸ್ಕೂಲಿನಾಗ ನಾನು ಆರು ವರ್ಷ ಇಂಗ್ಲಿಷ್ ಕಲಿಸಿದೆ. ಅದರಾಗ ಐದು ವರ್ಷದ ಬಗ್ಗೆ ನನಗೇನೂ ತಕರಾರಿಲ್ಲ. ಒಂದು ವರ್ಷ ಮಾತ್ರ ಯಾರಾರ ವಾಪಸ್ ಕೊಟ್ಟರ ಕೈಮುಗಿದು ಇಸಕೊಳ್ತಿದ್ದೆ. ಎರಡು ಸಾವಿರನೇ ಇಸವಿ ಬಂದ ಹೊಸದು. ಎಲ್ಲಾನೂ ಹೊಸದಾಗಬೇಕು ಅನ್ನೋ ಹುಚ್ಚು ಊರಿಗೆಲ್ಲ ಹಿಡಿದಿತ್ತು. ನನಗ ಸ್ವಲ್ಪ ಹೆಚ್ಚಿಗೇ ಹಿಡಿದಿತ್ತು.

ನಮ್ಮ ಮನಿ ಬೆಳಗಾವ್ಯಾಗ, ಅನಗೋಳದ ಕಡೆ. ಮುಂಜಾನೆ ನಮ್ಮನಿಯವರು ಉದ್ಯಮಬಾಗದ ಫೌಂಡ್ರಿಗೆ ಗಾಡಿ ಹತ್ತಿ ಹೋದರ, ನಾನು ಲೋಂಡಾ ಕಡೆ ಹೋಗೋ ಪ್ಯಾಸೆಂಜರ್ ಹಿಡಿಯಾಕ ಓಡತಿದ್ದೆ. ಅದು ತಪ್ಪಿತಂದ್ರ ಬಸ್ಸು. ಬಸ್ಸಿನ್ಯಾಗ ನಿಂತು ಹೋಗೂದು. ಸಾಲಿ ಮುಟ್ಟೋದರಾಗ ಅರ್ಧ ಸಿಟ್ಟು ತಲಿಗೆ ಏರಿರತಿತ್ತು. ಇನ್ನರ್ಧ ಹುಟ್ಟಿದಾಗಿಂದ ಇದ್ದದ್ದು. ನನ್ನ ಚಪ್ಪಲಿ ಸಪ್ಪಳ ಕೇಳಿದರ ಹುಡುಗರು ‘ಬಾಯಾರ ಬಂದ್ರು’ ಅಂತ ಬಾಯಿಗೆ ಬೀಗ ಹಾಕ್ಕೊಳ್ತಿದ್ರು. ಅದನ್ನ ನಾನು ಶಿಸ್ತು ಅಂತ ತಿಳಕೊಂಡಿದ್ದೆ.

ಸಾಲಿ ಕನ್ನಡ ಮೀಡಿಯಮ್ಮಿಂದು. ಖರೇ ಹೇಳಬೇಕಂದ್ರ, ಕ್ಲಾಸಿನ ಅರ್ಧ ಮಕ್ಕಳ ಮನಿಯಾಗ ಮರಾಠಿ. ಹಲಸಿ ಕಡೆಯಿಂದ, ಅದಕ್ಕಿಂತ ಒಳಗ ಕಾಡಿನ ಬಾಜೂಕಿನ ಹಳ್ಳಿಗಳಿಂದ ಬರೋರು. ಏಳನೇತ್ತದ ತನಕ ಮರಾಠಿ ಸಾಲಿ ಕಲಿತು, ಎಂಟನೇತ್ತಕ್ಕ ನಮ್ಮ ಕಡೆ ಬಂದು ಕನ್ನಡ ಹಿಡಿದವರು. ಅವರಿಗೆ ಇಂಗ್ಲಿಷ್ ಅಂದ್ರ ಒಂದು ಹೊಳಿ ದಾಟಿ ಉಸ್ಸಂತ ಕುಂದರೋದರಾಗ ಎದುರಿಗೆ ಕಾಣೋ ಇನ್ನೊಂದು ಹೊಳಿ. ಅವರೆಲ್ಲ ಕಿಟಕಿ ಬಾಜೂಕ ಕುಂದರತಿದ್ರು. ಸ್ಟಾಫ್‌ರೂಮಿನಾಗ ನಾವು ಆ ಬೆಂಚುಗಳಿಗೆ ‘ಮರಾಠಿ ಬೆಂಚು’ ಅಂತಿದ್ದಿವಿ.

ಆ ವರ್ಷದ ಹತ್ತನೇತ್ತದ ತುಕಡಿಗೆ ಎಂಟನೇತ್ತದಿಂದ ಇಂಗ್ಲಿಷ್ ಕಲಿಸಿದವರು ಜೈನ ಮನೆತನದ ಒಬ್ಬ ಹಿರಿಯ ಮಾಸ್ತರು. ಧ್ವನಿ ಏರಿಸಿದವರಲ್ಲ, ಕೈ ಎತ್ತಿದವರಲ್ಲ. ಅವರದೊಂದು ಪದ್ಧತಿ ಇತ್ತು. ಪುಸ್ತಕದ ಒಂದು ವಾಕ್ಯ ಇಂಗ್ಲಿಷಿನಾಗ ಓದೋರು. ಕನ್ನಡ ಮನಿಯ ಒಂದು ಹುಡುಗ ಎದ್ದು ಅದನ್ನ ಕನ್ನಡದಾಗ ಹೇಳಬೇಕು. ಆಮ್ಯಾಲ ಮರಾಠಿ ಬೆಂಚಿನಿಂದ ಒಬ್ಬರು ಎದ್ದು ಮರಾಠಿಯೊಳಗ ಹೇಳಬೇಕು. ಅಷ್ಟಕ್ಕ ಮುಗೀತಿರಲಿಲ್ಲ. ಪುಸ್ತಕ ಮುಚ್ಚಿಸಿ, ಮರಾಠಿಯಿಂದ ಕನ್ನಡಕ್ಕ, ಕನ್ನಡದಿಂದ ಇಂಗ್ಲಿಷಿಗೆ ಉಲ್ಟಾ ತರಸೋರು. ಹುಡುಗರು ಅದಕ್ಕ ಸರಪಳಿ ಪಾಠ ಅಂತ ಹೆಸರಿಟ್ಟಿದ್ರು. ಒಂದು ತಾಸಿನಾಗ ಹತ್ತು ವಾಕ್ಯ ಮುಗಿದರ ಹೆಚ್ಚು.

ಬಾಜೂಕಿನ ಕ್ಲಾಸಿನ್ಯಾಗ ಕುಂತು ನಾನು ಮೂಗು ಮುರೀತಿದ್ದೆ. “ಸರ್, ನಿಮ್ಮ ಇಂಗ್ಲಿಷು ಎರಡು ಸ್ಟೇಶನ್ ದಾಟಿ ಬರೋದರಾಗ ನಮ್ಮ ಪ್ಯಾಸೆಂಜರ್ ಗಾಡಿಗಿಂತ ಲೇಟ್ ಆಗ್ತೈತಿ ನೋಡ್ರಿ” ಅಂತ ಚ್ಯಾಷ್ಟಿ ಮಾಡಿದ್ದೆ. ಅವರು ನಕ್ಕಿದ್ರು. “ಲೇಟ್ ಆದರೂ ಮಂದಿ ಇಳೀತಾರಲ್ರಿ ಬಾಯಾರ” ಅಂದಿದ್ರು.

ಅವರು ರಿಟೈರ್ ಆದಾಗ ಆ ತುಕಡಿ ಹತ್ತನೇತ್ತಕ್ಕ ಬಂತು, ನನ್ನ ಕೈಗೆ ಬಂತು. ಹೋಗೋ ದಿನ ಮಾಸ್ತರು ನನ್ನ ಬಾಜೂಕ ಬಂದು ನಿಂತು ಹೇಳಿದ್ದು ಇಷ್ಟ: “ನಿಮಗ ಬೇಕಾದ್ದು ಬದಲಿ ಮಾಡ್ಕೋರಿ. ಮರಾಠಿ ಬೆಂಚಿನ ಮುಂದ ಒಬ್ಬ ಹುಡುಗಿ ಕುಂದರತಾಳ. ಆಕಿನ್ನ ಮಾತ್ರ ಮಾತಾಡಾಕ ಬಿಡ್ರಿ. ಆಕಿ ಎದ್ದು ಹೇಳಿದರ ಹಿಂದಿನ ಬೆಂಚಿಗೂ ತಿಳೀತದ.” ನಾನು “ಆತ್ರಿ ಸರ್” ಅಂದೆ. ಒಂದು ಕಿವಿಯಾಗ ಕೇಳಿ ಇನ್ನೊಂದರಾಗ ಬಿಟ್ಟೆ.

ಯಾಕಂದ್ರ ಆ ಬ್ಯಾಸಿಗಿ ಸೂಟಿಯಾಗ ನಾನು ಬೆಳಗಾವ್ಯಾಗ ಹತ್ತು ದಿನದ ತರಬೇತಿ ಮುಗಿಸಿ ಬಂದಿದ್ದೆ. ಪರಭಾಷಾ ಕಲಿಸೋ ಹೊಸ ಪದ್ಧತಿ. ಹೊರಗಿನಿಂದ ಬಂದಿದ್ದ ತಜ್ಞರು ಹೇಳಿದ್ರು: ಕೂಸು ಹೆಂಗ ಮಾತು ಕಲೀತದ? ಅನುವಾದ ಮಾಡಿ ಕಲೀತದೇನು? ಕಿವಿಗೆ ಬೀಳಬೇಕು, ಕಣ್ಣಿಗೆ ಕಾಣಬೇಕು, ತಾನಾಗೇ ಬಾಯಿಗೆ ಬರ್ತದ. ಕ್ಲಾಸಿನೊಳಗ ಮಾತೃಭಾಷಾ ಬಂತಂದ್ರ ಕಲಿಕಿ ಕೆಡ್ತದ. ಅಯ್ಯ, ನನಗ ಆಗ ಆದ ಆನಂದ ಏನು ಹೇಳ್ಲಿ! ನಾನು ಎಂ.ಎ. ಮಾಡಿದಾಕಿ. ವ್ಯಾಕರಣ ಪೂರಾ ಬಾಯಿಪಾಠ. ಆದರೂ ಒಮ್ಮೆ ಬೆಳಗಾವಿ ಕ್ಯಾಂಪ್ ಪೇಟೆಯ ಒಂದು ಅಂಗಡ್ಯಾಗ ಕಾನ್ವೆಂಟಿನಾಗ ಕಲಿತ ಒಬ್ಬ ಹೆಣ್ಣುಮಗಳು ನನ್ನ ಜೋಡಿ ಇಂಗ್ಲಿಷಿನಾಗ ಮಾತಿಗೆ ಇಳಿದಾಗ, ‘ಎಸ್, ಎಸ್’ ಅಂತ ಬೆವರು ಒರೆಸಿಕೊಂಡು ಹೊರಗ ಬಿದ್ದಿದ್ದೆ. ನನ್ನ ಹುಡುಗರಿಗೆ ಆ ಗತಿ ಬರಬಾರದು ಅಂತ ಹಟ ಹಿಡಿದೆ. ಹಟ ಹಿಡಿದದ್ದು ತಪ್ಪಲ್ಲ, ಪದ್ಧತಿದೂ ತಪ್ಪಲ್ಲ. ಅದನ್ನ ಹಿಡಿದ ಕೈ ನಂದು, ಅದು ತಪ್ಪು.

ಜೂನ್ ತಿಂಗಳ ಮೊದಲ ದಿನಾನೇ ಹೇಳಿದೆ: “ಈ ಬಾಗಲಾ ದಾಟಿ ಒಳಗ ಬಂದ ಮ್ಯಾಲ ಕನ್ನಡ ಇಲ್ಲ, ಮರಾಠಿ ಇಲ್ಲ. ಸರಪಳಿ ಗಿರಪಳಿ ಎಲ್ಲಾ ಬಂದ್.”

ಶುರುವಾಯಿತು ನನ್ನ ಆಟ. ಬುಟ್ಟಿ ತುಂಬ ಟೊಮೆಟೊ, ಬಾಚಣಿಗಿ, ಛತ್ರಿ, ಕುಂಕುಮದ ಡಬ್ಬಿ ಒಯ್ಯತಿದ್ದೆ. ‘ಐ ಆ್ಯಮ್ ಓಪನಿಂಗ್ ದ ಡೋರ್’ ಅಂತ ಬಾಗಲಾ ತೆಗೆಯೂದು, ‘ಐ ಆ್ಯಮ್ ಕ್ಲೋಸಿಂಗ್ ದ ಡೋರ್’ ಅಂತ ಹಾಕೂದು. ಹುಡುಗರೂ ಒಬ್ಬೊಬ್ಬರಾಗಿ ಬಂದು ಬಾಗಲಾ ತೆಗೆದು ಹಾಕಾಕ ಹತ್ತಿದಾಗ ಬಾಜೂಕಿನ ಗಣಿತ ಮಾಸ್ತರು ಬಂದು “ಬಾಯಾರ, ಬಾಗಲಾ ಕಿತ್ತು ಕೈಯಾಗ ಬರ್ತದ, ಸಾಕು ಮಾಡ್ರಿ” ಅಂದಿದ್ರು. ತರಬೇತಿಯಾಗ ಕೊಟ್ಟ ಸಂಭಾಷಣೆಯಾಗ ವಿಮಾನ ನಿಲ್ದಾಣದ ಮಾತುಕತಿ ಇತ್ತು. ಅದನ್ನ ನಾನು ಖಾನಾಪುರ ಬಸ್ ಸ್ಟ್ಯಾಂಡಿಗೆ ಬದಲಿ ಮಾಡಿದೆ. ಕಂಡಕ್ಟರ್ ಆದ ಹುಡುಗ ಇಂಗ್ಲಿಷಿನಾಗ ‘ಮೂವ್ ಬ್ಯಾಕ್, ಮೂವ್ ಬ್ಯಾಕ್’ ಅಂತ ಕೂಗಿದಾಗ ಎಲ್ಲಾರೂ ಬಿದ್ದು ಬಿದ್ದು ನಕ್ಕರು. ನಾನೂ ನಕ್ಕೆ. ಆರು ಏಳು ಹುಡುಗರು ಖರೇನೇ ಮಾತಾಡಾಕ ಹತ್ತಿದ್ರು. ನನ್ನ ಕಾಲು ನೆಲದ ಮ್ಯಾಲ ಇರಲಿಲ್ಲ.

ಮರಾಠಿ ಬೆಂಚು ಮಾತ್ರ ಮೂಕ ಆತು. ಮಾಸ್ತರು ಹೇಳಿದ ಆ ಹುಡುಗಿ ಎಲ್ಲಾರಕಿಂತ ಮೂಕ.

ಆಕಿ ಹಲಸಿಯ ಆಚೆ ಒಂದು ಸಣ್ಣ ಹಳ್ಳಿಯಿಂದ ಬರತಿದ್ದಳು. ಆಕಿಗೆ ನರ್ಸ್ ಆಗಬೇಕಿತ್ತು. ಇದು ಸಾಲಿಗೆಲ್ಲ ಗೊತ್ತಿದ್ದ ಸಂಗತಿ. ಅವರೂರಿಗೆ ತಿಂಗಳಿಗೆ ಎರಡು ಸಲ ಸರ್ಕಾರಿ ನರ್ಸಬಾಯಿ ಬರತಿದ್ದರು. ಧಾರವಾಡ ಕಡೆಯವರು, ಮರಾಠಿ ಒಂದಕ್ಷರ ಬರೂದಿಲ್ಲ. ಊರ ಹೆಂಗಸರಿಗೆ ಕನ್ನಡ ಬರೂದಿಲ್ಲ. ಈ ಹುಡುಗಿ ಸಣ್ಣಾಕಿ ಇದ್ದಾಗಿಂದ ಇಬ್ಬರ ನಡುವ ನಿಂತು, ಹೊಟ್ಟಿ ನೋವು, ಬಿಳಿ ಹೋಗೂದು, ಬಸರಿ ಹೆಂಗಸಿನ ತಲಿ ತಿರುಗೂದು ಎಲ್ಲಾ ಅತ್ತಿಂದಿತ್ತ ಮುಟ್ಟಿಸಾಕಿ. “ಹತ್ತನೇತ್ತ ಪಾಸಾಗು, ನರ್ಸ್ ಟ್ರೇನಿಂಗಿಗೆ ಅರ್ಜಿ ಹಾಕೂಣು, ನಿನ್ನಂಥಾಕೀನೇ ಈ ಕಡೆ ಬೇಕು” ಅಂತ ನರ್ಸಬಾಯಿ ಹೇಳಿದ್ರಂತ. ಹತ್ತನೇತ್ತ ಪಾಸು, ಅಷ್ಟ ಆಕಿಗೆ ಬೇಕಾದ್ದು. ಉಳಿದ ವಿಷಯದಾಗ ಆಕಿಗೆ ಭಯ ಇರಲಿಲ್ಲ. ಇಂಗ್ಲಿಷ್ ಒಂದ.

ಸರಪಳಿ ಪಾಠದಾಗ ಆಕಿಗೆ ಇಂಗ್ಲಿಷ್ ಹತ್ತಿತ್ತು. ಒಂದು ಮಾತನ್ನ ಮೂರು ಭಾಷಾದಾಗ ತೂಗಿ ನೋಡಿದ ಮ್ಯಾಲೇ ಆಕಿ ಅದನ್ನ ತನ್ನದು ಅಂತ ಇಟ್ಕೊಳ್ಳಾಕಿ. ನಾನು ತಕ್ಕಡೀನ ಕಸಗೊಂಡೆ. ಬಾಜೂಕಿನವರಿಗೆ ತಿಳೀಲಿಲ್ಲ ಅಂದ್ರ ಆಕಿಗೆ ಸುಮ್ಮ ಕುಂದರಾಕ ಆಗ್ತಿರಲಿಲ್ಲ. ಬಗ್ಗಿ ಪಿಸುಪಿಸು ಮರಾಠಿಯಾಗ ಹೇಳಿಬಿಡಾಕಿ. ಒಂದು ಸಲ ಬಿಟ್ಟೆ, ಎರಡು ಸಲ ಬಿಟ್ಟೆ. ಮೂರನೇ ಸಲ ಮೈಯೆಲ್ಲ ಉರಿದು “ಗೆಟ್ ಔಟ್” ಅಂದೆ. ಆಕಿ ವರಾಂಡದಾಗ ಹೋಗಿ ನಿಂತಳು. ಮುಂದ ಅದು ರೂಢಿನೇ ಆಗಿಬಿಟ್ಟಿತು. ವಾರಕ್ಕ ಎರಡು ಪಾಠ ಆಕಿ ವರಾಂಡದಾಗ. ಮಳಿ ಹೊಡೆದರ ಗ್ವಾಡಿಗೆ ಆನಿಕೊಂಡು, ಒಳಗಿಂದ ಕೇಳಿಸಿದಷ್ಟು ಕೇಳಿಸಿಕೊಂಡು ನಿಂದ್ರಾಕಿ.

ನಾನು ಬೆಳಗಾವ್ಯಾಗ ಹುಟ್ಟಿ ಬೆಳೆದಾಕಿ, ನನಗ ಮರಾಠಿ ತಿಳೀತಿರಲಿಲ್ಲೇನು? ಪೂರಾ ತಿಳೀತಿತ್ತು. ಭಾಜಿ ಮಾರ್ಕೆಟ್ಟಿನಾಗ ಮರಾಠಿಯೊಳಗ ಜಗಳ ತೆಗೀತಿದ್ದೆ. ಸಾಲ್ಯಾಗ ಮಾತ್ರ ಒಂದು ಶಬ್ದ ಆಡಿದಾಕಿ ಅಲ್ಲ. ನನ್ನ ಮರಾಠಿ ಹರಕು ಮುರುಕು. ಎಲ್ಲಿ ಹುಡುಗರು ನಗತಾರೋ ಅನ್ನೋ ಹೆದರಿಕಿ. ತಪ್ಪು ಮಾಡಿದರೂ ಪರವಾಗಿಲ್ಲ, ಬಾಯಿ ಬಿಟ್ಟು ಮಾತಾಡ್ರಿ ಅಂತ ಹುಡುಗರಿಗೆ ದಿನಾ ಬೋಧಿಸೋ ಬಾಯಾರ ಬಂಡವಾಳ ಇಷ್ಟು! ಈಗ ನೆನಸಿಕೊಂಡರ ನಾಚಿಕಿ ಆಗ್ತೈತಿ.

ದೀಪಾವಳಿ ಮುಗಿದ ಮ್ಯಾಲ ಶಿಕ್ಷಣ ಇಲಾಖೆಯ ಸಾಹೇಬರು ಪಾಠ ನೋಡಾಕ ಬಂದ್ರು. ಹಿಂದಿನ ದಿನಾನೇ ನಾನು ಕುಂದರಿಸೋ ಜಾಗಾ ಬದಲಿ ಮಾಡಿದ್ದೆ. ಮಾತಾಡೋ ಹುಡುಗರು ಮುಂದ, ಮರಾಠಿ ಬೆಂಚು ಪೂರಾ ಹಿಂದ. ಆ ಹುಡುಗೀನ ಕಟ್ಟ ಕಡೀ ಮೂಲಿಗೆ ಹಾಕಿದೆ. ಆಕಿ ತನ್ನ ನೋಟ್ಸಿನ ವಹಿ ಎದಿಗೆ ಅವಚಿಕೊಂಡು ಹಿಂದ ಹೋಗಿ ಕುಂತಳು. ಪಾಠ ಭರ್ಜರಿ ಆತು. ಸಾಹೇಬರು ಚಪ್ಪಾಳಿ ಹೊಡೆದು “ತಾಲೂಕಿನಾಗ ಇಂಥಾ ಕ್ಲಾಸು ನೋಡಿಲ್ಲ” ಅಂದ್ರು. ಆ ದಿನ ವಾಪಸ್ ಹೋಗೋ ಗಾಡಿ ಎಷ್ಟು ಲೇಟ್ ಆದರೂ ನನಗ ಸಿಟ್ಟು ಬರಲಿಲ್ಲ.

ಜನವರಿಯೊಳಗ ಒಂದು ಸಂಜೀಕ ಆಕಿ ಸ್ಟೇಶನ್ನಿಗೆ ಬಂದಳು. ನಾನು ಗಾಡಿ ಕಾಯಾಕ ಹತ್ತಿದ್ದೆ. ದೂರ ನಿಂತು, ಹತ್ರ ಬಂದು, ಮತ್ತ ಹಿಂದ ಸರಿದು, ಕಡೀಕ ಒಂದು ವಹಿ ಮುಂದ ಹಿಡಿದಳು. ಉದ್ದಕ್ಕ ಗೆರಿ ಹೊಡೆದು ಮೂರು ಪಾಲು ಮಾಡಿದ್ದಳು. ಒಂದರಾಗ ಇಂಗ್ಲಿಷ್, ಒಂದರಾಗ ಕನ್ನಡ, ಒಂದರಾಗ ಮರಾಠಿ. ಪುಸ್ತಕದ ಅಷ್ಟೂ ಪಾಠ, ಒಂದೊಂದು ವಾಕ್ಯ. ಅಕ್ಷರ ಮುತ್ತಿನಂಗ. ತನಗೊಬ್ಬಾಕಿಗೆ ಅಲ್ಲ, ಮರಾಠಿ ಬೆಂಚಿಗೆಲ್ಲ ಬರೆದದ್ದು. ಎಲ್ಲಾರೂ ಸರದಿ ಮ್ಯಾಲ ಮನಿಗೆ ಒಯ್ಯತಿದ್ರಂತ.

“ಬಾಯಾರ, ಇದನ್ನ ಒಮ್ಮೆ ನೋಡಿ ತಿದ್ದಿಕೊಡ್ರಿ. ಶನಿವಾರ ಮಧ್ಯಾಹ್ನ ಒಂದು ತಾಸು ಸರಪಳಿ ಪಾಠ ಹೇಳ್ರಿ. ನಾವು ಹನ್ನೊಂದು ಮಂದಿ ಬರ್ತೀವಿ. ಪರೀಕ್ಷಾಕ್ಕ ಬಾಗಲಾ ತೆಗೆಯೂದು ಕೇಳೂದಿಲ್ಲಲ್ರಿ.”

ಆಕಿ ಕಡೀ ಮಾತು ನನಗ ಎಲ್ಲಿ ನಾಟಬೇಕೋ ಅಲ್ಲಿ ನಾಟಿತು. ಆಕಿ ಚ್ಯಾಷ್ಟಿ ಮಾಡಿದ್ದಲ್ಲ. ಹೆದರಿಕೊಂಡು, ಇದ್ದದ್ದನ್ನ ಹೇಳಿದ್ದು. ನನಗ ಮಾತ್ರ ಸಾಹೇಬರ ಚಪ್ಪಾಳಿ ಮ್ಯಾಲ ಯಾರೋ ನೀರು ಸುರುವಿದಂಗ ಆತು. “ನನಗ ಕಲಿಸಾಕ ಬಂದೀಯೇನ? ವರ್ಷ ಪೂರಾ ಬಡಕೊಂಡೀನಿ, ನೀನು ಹಿಂದಿನ ಬಾಗಲದಿಂದ ಅದನ್ನೇ ಮಾಡಸಾಕ ಹತ್ತೀಯಾ? ತಾ ಇಲ್ಲಿ” ಅಂತ ವಹಿ ಕಸಗೊಂಡೆ. “ಪರೀಕ್ಷಾ ಮುಗಿದ ಮ್ಯಾಲ ಬಂದು ಒಯ್ಯಿ.”

ಆಕಿ ಕಣ್ಣಾಗ ನೀರು ಬರಲಿಲ್ಲ. ಬಂದಿದ್ದರ ನನಗ ಕರುಳು ಚುರ್ ಅಂತಿತ್ತೋ ಏನೋ. ಗಾಡಿ ಬಂತು, ನಾನು ಹತ್ತಿದೆ. ಮರುದಿನ ವಹೀನ ಸ್ಟಾಫ್‌ರೂಮಿನ ಕಪಾಟಿನಾಗ ಹಳೇ ಪೇಪರಿನ ಕೆಳಗ ಇಟ್ಟೆ. ಇಟ್ಟೆ ಮತ್ತ ಮರೆತೆ. ಇದನ್ನ ನಂಬ್ರಿ ಬಿಡ್ರಿ, ಖರೇನೇ ಮರೆತೆ. ಹಟಕ್ಕ ಇಟ್ಕೊಂಡಿದ್ದರ ಆ ಹಟಕ್ಕಾರ ಒಂದು ಅರ್ಥ ಇರತಿತ್ತು. ಆಕಿ ಎರಡನೇ ಸಲ ಕೇಳಲಿಲ್ಲ. ನನ್ನ ಬಾಗಲಕ್ಕ ಬಂದು ಎರಡನೇ ಸಲ ಕೇಳೋ ಧೈರ್ಯ ಯಾವ ಹುಡುಗರಿಗೂ ಇರಲಿಲ್ಲ.

ಪರೀಕ್ಷಾ ಪೇಪರು ಹಳೇ ನಮೂನಿನೇ ಇತ್ತು. ಪಾಠದ ಮ್ಯಾಲ ಉದ್ದ ಉತ್ತರ, ಪತ್ರ, ವ್ಯಾಕರಣ. ಬಸ್ ಸ್ಟ್ಯಾಂಡಿನ ಮಾತುಕತಿ ಯಾರೂ ಕೇಳಲಿಲ್ಲ. ಮೇ ತಿಂಗಳಾಗ ರಿಸಲ್ಟ್ ಬಂತು. ನನ್ನ ಮಾತಿನ ಮಲ್ಲರು ಹೆಂಗೋ ಪಾರಾದ್ರು. ಮರಾಠಿ ಬೆಂಚಿನ ಬಹಳ ಮಂದಿ ಇಂಗ್ಲಿಷಿನಾಗ ಬಿದ್ದಿದ್ರು. ಆ ಹುಡುಗಿ ವಿಜ್ಞಾನ, ಕನ್ನಡ ಎರಡರಾಗೂ ಸಾಲಿಗೆ ಮೇಲಿನ ನಾಲ್ಕೈದು ಮಂದಿಯೊಳಗ. ಇಂಗ್ಲಿಷಿನಾಗ ನಪಾಸು.

ಮುಖ್ಯಾಧ್ಯಾಪಕರು ನನಗ ಏನೂ ಅನಲಿಲ್ಲ. “ಹಳ್ಳಿ ಹುಡುಗರು, ಏನು ಮಾಡಾಕ ಬರ್ತದ?” ಅಂದ್ರು. ಆ ಸಮಾಧಾನದ ಮಾತು ಕೇಳಿದಾಗ ನನಗ ಆ ವಹಿ ನೆನಪಾತು. ಕಪಾಟಿನ ಕಡೆ ಹೋಗಿ ಪೇಪರ್ ಸರಿಸಿದೆ. ವಹಿ ಅಲ್ಲೇ ಇತ್ತು. ಕುಂತು ಪೂರಾ ಓದಿದೆ. ತಪ್ಪು ಎಷ್ಟಿದ್ದವು ಅಂದ್ರ, ಅರ್ಧ ತಾಸಿನಾಗ ತಿದ್ದಿ ಮುಗೀತಿತ್ತು. ಹಾಳಾದ ಅರ್ಧ ತಾಸು!

ಆ ವಾರಾನೇ ಆಕಿ ಊರಿಗೆ ಹೋದೆ. ಹಲಸಿ ತನಕ ಬಸ್ಸು, ಅಲ್ಲಿಂದ ಮುಂದ ಬಿಸಲಾಗ ನಡಿಗಿ. ಅಕ್ಟೋಬರದ ಮರುಪರೀಕ್ಷಾಕ್ಕ ಕುಂದರಸಬೇಕು, ನಾನೇ ಶನಿವಾರ ಶನಿವಾರ ಕಲಿಸಬೇಕು ಅಂತ ದಾರಿಯುದ್ದಕ್ಕೂ ಲೆಕ್ಕ ಹಾಕಿದೆ. ಮನಿ ಸಣ್ಣದು, ಸೆಗಣಿ ಸಾರಿಸಿ ಸ್ವಚ್ಛ ಇಟ್ಟಿದ್ರು. ಅವ್ವ ಹೊರಗ ಬಂದು ನನ್ನನ್ನ ನೋಡಿ ಗಾಬರಿ ಆಗಿ, ಸೆರಗು ತಲಿ ಮ್ಯಾಲ ಎಳಕೊಂಡು, ಚಾಪಿ ಹಾಸಿದಳು. ಆಕಿಗೆ ಕನ್ನಡ ಬರೂದಿಲ್ಲ. ಹುಡುಗಿ ನಮ್ಮಿಬ್ಬರ ನಡುವ ಕುಂತಳು. ಬಾಗಲಾಗ ಆಕಿ ತಂಗಿ ನಿಂತು ನನ್ನನ್ನ ಪಿಳಿಪಿಳಿ ನೋಡತಿತ್ತು. ಏಳನೇತ್ತ ಮುಗಿಸಿತ್ತು, ಜೂನಿಗೆ ನಮ್ಮ ಸಾಲಿಗೇ ಬರೂದಿತ್ತು.

ವಹಿ ಕೊಟ್ಟೆ. ಹುಡುಗಿ ಅದನ್ನ ತೆರೀಲಿಲ್ಲ, ತಂಗಿ ಕೈಗೆ ಕೊಟ್ಟಳು. “ಅಕ್ಟೋಬರಕ್ಕ ಕುಂದರು, ನಾನು ಹೇಳಿಕೊಡ್ತೀನಿ” ಅಂದೆ. “ನೋಡ್ತೀನ್ರಿ ಬಾಯಾರ” ಅಂದಳು. ಆಗಲೇ ಖಾನಾಪುರದಾಗ ಹಂಚಿನ ಕಾರ್ಖಾನಿಗೆ ಹೋಗಾಕ ಹತ್ತಿದ್ದಳು. ಉಗುರಿನ ಸಂದ್ಯಾಗ ಕೆಂಪು ಮಣ್ಣು ಕುಂತಿತ್ತು. ಆಕಿ ಅಕ್ಟೋಬರಕ್ಕ ಕುಂದರಲಿಲ್ಲ, ಆಮ್ಯಾಲೂ ಕುಂದರಲಿಲ್ಲ. ಅದು ನನಗ ಅವತ್ತೇ ಗೊತ್ತಾಗಿತ್ತು. ‘ನೋಡ್ತೀನ್ರಿ’ ಅನ್ನೋ ದನಿಯಾಗ ಏನೂ ಉಳಿದಿರಲಿಲ್ಲ.

ಅವ್ವ ಚಹಾ ತಂದು ಇಟ್ಟಳು. ಎದುರಿಗೆ ಕುಂತು ಮರಾಠಿಯೊಳಗ ಒಂದು ಪ್ರಶ್ನೆ ಕೇಳಿದಳು. ಹುಡುಗಿ ಅದನ್ನ ಕನ್ನಡಕ್ಕ ತಂದು ಹೇಳಿದಳು, ಒಂದಕ್ಷರ ಬಿಡಲಿಲ್ಲ: “ಅವ್ವ ಕೇಳಾಕ ಹತ್ಯಾಳ್ರಿ. ನನ್ನ ಮಗಳು ದಿನಾ ಓದತಿದ್ದಳು, ಮತ್ತ್ಯಾಕ ಬಿದ್ದಳು? ಆಕಿದು ಏನು ತಪ್ಪಾತು ಹೇಳ್ರಿ ಅಂತ.”

ನಾನು ಹೇಳಿದೆ. ಅಷ್ಟಾರ ಮಾಡಿದೆ. ಕನ್ನಡದಾಗ ಸ್ಪಷ್ಟ ಹೇಳಿದೆ: “ಆಕಿದು ಏನೂ ತಪ್ಪಿಲ್ಲವ್ವಾ. ತಪ್ಪು ನಂದು. ಆಕಿಗೆ ತಿಳಿಯೋ ರೀತಿಯಾಗ ಕಲಿಸಾಕ ನಾನು ಒಲ್ಲೆ ಅಂದೆ. ಆಕಿ ವಹಿ ಕಸಗೊಂಡೆ. ಆಕಿನ್ನ ಹೊರಗ ನಿಂದ್ರಿಸಿದೆ.”

ಹುಡುಗಿ ನನ್ನ ಕಡೆ ನೋಡಿದಳು. ಆಮ್ಯಾಲ ಬಾಗಲಾಗ ನಿಂತಿದ್ದ ತಂಗಿ ಕಡೆ ನೋಡಿದಳು. ಅವ್ವನ ಕಡೆ ತಿರುಗಿ ಮರಾಠಿಯೊಳಗ ಸಾವಕಾಶ ಹೇಳಿದಳು: ಬಾಯಾರು ಛಲೋ ಕಲಿಸಿದರಂತ, ನಾನೇ ಕ್ಲಾಸಿನ್ಯಾಗ ಲಕ್ಷ್ಯ ಕೊಡಲಿಲ್ಲಂತ, ತಂಗೀನ ಸರಿಯಾಗಿ ನೋಡ್ಕೊಳ್ತಾರಂತ.

ನನಗ ಒಂದೊಂದು ಶಬ್ದಾನೂ ತಿಳೀತು. ನನಗ ತಿಳೀತದ ಅನ್ನೋದು ಆ ಮನಿಯಾಗ ಯಾರಿಗೂ ಗೊತ್ತಿರಲಿಲ್ಲ. ಹಂಗಲ್ಲ, ತಪ್ಪು ನಂದು ಅಂತ ಮರಾಠಿಯೊಳಗ ಹೇಳಾಕ ಎಷ್ಟು ಮರಾಠಿ ಬೇಕ್ರಿ? ಮೂರು ಶಬ್ದ. ಅವು ನನಗ ಬರತಿದ್ದವು. ನಾಲಿಗಿ ತುದಿ ತನಕ ಬಂದಿದ್ದವು.

ಅವ್ವ ಮಗಳ ತಲಿಗೆ ಒಂದು ಮೊಟಕಿದಳು. ಆಮ್ಯಾಲ ನನ್ನ ಎರಡೂ ಕೈ ಹಿಡಕೊಂಡು, ಕಣ್ಣೀರು ಹಾಕಿಕೋತ, ಏನೇನೋ ಬೇಡಿಕೊಂಡಳು. ಹುಡುಗಿ ಅದನ್ನೂ ಕನ್ನಡಕ್ಕ ತಂದಳು: “ನನ್ನ ಮಗಳು ನಿಮಗ ಭಾಳ ತ್ರಾಸ ಕೊಟ್ಟಾಳ, ಈ ಬಿಸಲಾಗ ಇಲ್ಲಿ ತನಕ ನಡಸಿದಳು, ಮಾಫ್ ಮಾಡ್ರಿ ಅಂತಾಳ್ರಿ ಅವ್ವ.”

ನಾನು ಏನಂದೆ ಗೊತ್ತೇನ್ರಿ? “ಇರ್ಲಿ ಬಿಡ್ರಿ” ಅಂದೆ.